ಮೇಷ್ಟ್ರ ಕೈತುತ್ತು

ನಾಯಿ ಪಳಗಿಸುವ ತರಗತಿಯ ನಡುವೆ, ಹತ್ತು ಗಿರಾಕಿಗಳ ಕಣ್ಣೆದುರೇ, ದೊರೆ ಎಂಬ ಆ ದೊಡ್ಡ ನಾಯಿ ಕಾಲು ಸೋತು ಕುಸಿಯಿತು. ವಾರದಲ್ಲಿ ಇದು ಮೂರನೆಯ ಸಲ. ಪಾಠ ನಡೆಸುತ್ತಿದ್ದ ತಮ್ಮ ಓಡಿ ಬಂದು, ಒಳಗೆ ಮಲಗಿದ್ದ ಅಣ್ಣನನ್ನು ಬಹಳ ಹೊತ್ತು ಅಲುಗಾಡಿಸಿ ಎಬ್ಬಿಸಿದ.

ಪಶುವೈದ್ಯೆ ರಕ್ತ ಪರೀಕ್ಷಿಸಿ ಹೇಳಿದ್ದು ಎರಡೇ ಪದ: ನಿದ್ದೆ ಮಾತ್ರೆ.

ಊರೆಲ್ಲ 'ನಾಯಿ ಮೇಷ್ಟ್ರು' ಎಂದು ಕರೆಯುವ ಅಣ್ಣನಿಗೆ ಕಪಾಳಕ್ಕೆ ಹೊಡೆದಂತಾಯಿತು. ಕಾವಲು ನಾಯಿಗಳನ್ನು ಪಳಗಿಸುವ ಅವರ ಶಾಲೆಯಲ್ಲಿ ಮೊದಲ ಪಾಠವೇ ಇದು: ಯಜಮಾನನ ಕೈಯದಲ್ಲದೆ ಬೇರೆ ತುತ್ತು ಮುಟ್ಟಬಾರದು. ಅದಕ್ಕೆ ಮಾದರಿಯೆಂದು ಎಲ್ಲರಿಗೂ ತೋರಿಸುತ್ತಿದ್ದದ್ದು ಇದೇ ದೊರೆಯನ್ನು. ಸ್ವಂತ ತಮ್ಮ ಮಾಂಸದ ತುಂಡು ಹಿಡಿದರೂ ಅದು ಮುಖ ತಿರುಗಿಸುತ್ತಿತ್ತು. ಈಗ ನೋಡಿದರೆ ಯಾವನೋ ಬೀದಿಯವನ ಕೈಗೆ ಬಾಯಿ ಹಾಕಿದೆ. ಎಂಟು ವರ್ಷ ಮಗುವಿನಂತೆ ಸಾಕಿದ್ದಕ್ಕೆ ಇದೇ ಏನು ಪ್ರತಿಫಲ?

ಅನುಮಾನವೆಲ್ಲ ಎದುರು ಬೀದಿಯ ತರಬೇತುದಾರನ ಮೇಲೆ. ಮರುದಿನ ಮೇಷ್ಟ್ರು ನಾಯಿಯನ್ನು ತಾವು ಮಲಗುವ ಕೋಣೆಯಲ್ಲೇ ಕಟ್ಟಿದರು. ತಾವೇ ಬೇಯಿಸಿ ತಾವೇ ಉಣಿಸಿದರು. ಮಧ್ಯಾಹ್ನದ ಊಟ ಮುಗಿಸಿ, ತಮ್ಮ ತಂದಿಟ್ಟ ಹಾಲು ಕುಡಿದು, ರೂಢಿಯಂತೆ ತಳದ ಎರಡು ಗುಟುಕನ್ನು ದೊರೆಯ ಬಟ್ಟಲಿಗೆ ಸುರಿದು, ಬಾಗಿಲಿಗೆ ಕುರ್ಚಿ ಅಡ್ಡ ಹಾಕಿ ಕಾವಲು ಕೂತರು. ಹಾಳು ವಯಸ್ಸು, ಅರ್ಧ ಗಂಟೆಯಲ್ಲೇ ಜೊಂಪು ಹತ್ತಿತು. ಕಣ್ಣು ಬಿಟ್ಟಾಗ ಸಂಜೆ. ತರಗತಿಯನ್ನು ತಮ್ಮನೇ ಮುಗಿಸಿದ್ದ. ದೊರೆ ಮಿಸುಕಾಡದೆ ಬಿದ್ದಿತ್ತು. ಕಿಟಕಿ ತೆರೆದೇ ಇತ್ತು.

"ಇದನ್ನ ಕಳಿಸಿಬಿಡಣ್ಣ," ಎಂದ ತಮ್ಮ. "ಮೇಷ್ಟ್ರ ನಾಯೇ ಹೀಗಾದ್ರೆ ನಮ್ಮ ಹತ್ರ ಯಾರು ಬರ್ತಾರೆ? ನೀನೂ ದಣಿದಿದ್ದೀಯ. ಶಾಲೆ ನಾನು ನೋಡ್ಕೋತೀನಿ."

ಇವನೊಬ್ಬನಾದರೂ ಇದ್ದಾನಲ್ಲ ಎಂದು ಮೇಷ್ಟ್ರ ಕಣ್ಣು ತುಂಬಿತು.

ಮರುದಿನ ಬೆಳಿಗ್ಗೆ ಬೇರೆ ಮನೆಗೆ ಕೊಡಿಸಿ ಎಂದು ದೊರೆಯನ್ನು ಒಪ್ಪಿಸಿಬಿಡಲು ವೈದ್ಯೆಯ ಬಳಿಗೆ ಹೋದರು. ದಾರಿಯಲ್ಲಿ ಅದು ಅಂಗೈ ನೆಕ್ಕಲು ಬಂದಾಗ, ನಂಬಿಕೆದ್ರೋಹಿ ಎಂದು ಗೊಣಗಿ ಕೈ ಎಳೆದುಕೊಂಡರು.

ಹೊಸ ಮನೆಯವರಿಗೆ ತಿಳಿಸಬೇಕಲ್ಲ, ಏನೇನು ಹಾಕುತ್ತೀರಿ ಎಂದು ವೈದ್ಯೆ ಕೇಳಿದರು. ಮೇಷ್ಟ್ರು ಒಂದನ್ನೂ ಬಿಡದೆ ಹೇಳಿದರು, ತಮ್ಮ ಕೊಡುವ ಹಾಲಿನಲ್ಲಿ ಉಳಿಸುವ ಎರಡು ಗುಟುಕನ್ನೂ ಸೇರಿಸಿ. ಬರೆಯುತ್ತಿದ್ದ ವೈದ್ಯೆಯ ಕೈ ನಿಂತಿತು.

"ಆ ಹಾಲು ಕುಡಿದ ಮೇಲೆ ನಿಮಗೆ ನಿದ್ದೆ ಬರುತ್ತಾ?"

ಬರುತ್ತದೆ, ವಯಸ್ಸಾಯಿತಲ್ಲ ಎಂದರು ಮೇಷ್ಟ್ರು.

"ನಿಮ್ಮ ನಾಯಿ ಬೇರೆ ಯಾರ ಕೈಯಿಂದಲೂ ತಿಂದಿಲ್ಲ, ಮೇಷ್ಟ್ರೇ," ಎಂದರು ವೈದ್ಯೆ ಮೆಲ್ಲಗೆ. "ಮಾತ್ರೆ ಹಾಕಿದ್ದು ನಿಮಗೆ. ಅದರ ಪಾಲಿಗೆ ಬಂದದ್ದು ಕರಗದೆ ತಳದಲ್ಲಿ ಉಳಿದದ್ದು."