ಬೀಸುಕಲ್ಲಿನ ಹಿಂದಿನ ಗೋಡೆ

ಹಿಮಾಯತ್‌ನಗರದಲ್ಲಿ ನಾವಿದ್ದ ಹಳೆಯ ಬಾಡಿಗೆ ಮನೆಯನ್ನು ಕಂಪ್ಯೂಟರ್ ಕಚೇರಿಗಾಗಿ ಕೆಡವುವ ಮುನ್ನ, ಅಲ್ಲಿ ದುಡಿದವರ ಬದುಕನ್ನು ದಾಖಲಿಸಲು ಬಂದ ಯುವತಿಯೊಬ್ಬಳು ಮೊನ್ನೆ ಗೋಡೆಗೆ ನೀರು ಚಿಮುಕಿಸಿ ಪದರಪದರವಾಗಿ ಕೆರೆದಾಗ, ಹಸಿ ಸುಣ್ಣದ ವಾಸನೆ ನನ್ನನ್ನು ಬಾಲ್ಯದ ಒಂದು ಮಧ್ಯಾಹ್ನಕ್ಕೆ ಕರೆದೊಯ್ದಿತು.

ತಾಯಿ ಆಗಷ್ಟೇ ತೀರಿಕೊಂಡಿದ್ದರು. ಶಿವನಾಮ ಸ್ಮರಿಸುತ್ತ ನೆರೆಮನೆಗಳ ಜೋಳ ಬೀಸಿಕೊಟ್ಟು ಸಂಸಾರಕ್ಕೆ ಆಧಾರವಾಗಿದ್ದ ಸಾಧ್ವಿ ಆಕೆ. ದಣಿದಾಗ ಹಿಂದಕ್ಕೆ ತಲೆಯಾನಿಸುತ್ತಿದ್ದ ಎಡೆಯಲ್ಲಿ, ಗೋಡೆಯ ಮೇಲೆ ಎಣ್ಣೆಯ ಕಲೆಯೊಂದು ಕಪ್ಪಾಗಿ, ನುಣುಪಾಗಿ ಮೂಡಿತ್ತು. “ತಲಿಗಿಂತ ಗ್ವಾಡಿಗೇ ಎಣ್ಣಿ ಭಾಳ ಕುಡಸ್ತಿ ನೋಡವಾ,” ಎಂದು ಅಜ್ಜಿ ಸೊಸೆಯನ್ನು ಹಂಗಿಸುತ್ತಿದ್ದರು.

ಶುದ್ಧಿಗೆಂದು ಸುಣ್ಣ ಬಳಿಯಲು ಬಂದಿದ್ದ ಚಾಚಾ ಅವರ ಕುಂಚ ಅಲ್ಲಿಗೆ ತಲುಪಿದಾಗ, ನಾನು ಕಲೆಗೆ ಬೆನ್ನುಕೊಟ್ಟು ನಿಂತೆ.

“ಇದೊಂದು ಬಿಡ್ರಿ ಚಾಚಾ. ಇದು ಅವ್ವಂದು.”

ಚಾಚಾ ಅಜ್ಜಿಯತ್ತ ತಿರುಗಿದರು. “ಬಿಡ್ಲೇನ್ರಿ ಅಮ್ಮಾ? ಕೂಸು ಅಳಾಕತ್ತೈತಿ.”

“ಸೂತಕ ಕಳೀಬೇಕ್ರಿ. ಬಳೀರಿ,” ಎಂದು ಅಜ್ಜಿ ನನ್ನ ರಟ್ಟೆ ಹಿಡಿದು ಪಕ್ಕಕ್ಕೆಳೆದರು.

ಗೋಡೆ ಬೆಳ್ಳಗಾಯಿತು.

ಮುಂದೆ ಬೀಸುಕಲ್ಲಿನೆದುರು ಅಜ್ಜಿಯೇ ಕುಳಿತರು. ಮುಪ್ಪಿನ ಬೆನ್ನು ನಡುಗುತ್ತಿತ್ತು, ಉಸಿರು ಕಟ್ಟುತ್ತಿತ್ತು.

“ಗ್ವಾಡಿಗೆ ಒಂಚೂರು ಆನಕೊಳ್ರಿ ಅಮ್ಮಾ,” ಎಂದು ಹಿಟ್ಟಿಗೆ ಬಂದ ನೆರೆಯಾಕೆ ಹೇಳುತ್ತಿದ್ದಳು.

“ಸುಣ್ಣ ಹಸಿ ಐತಿ ಬಿಡವಾ,” ಎನ್ನುತ್ತಿದ್ದರು ಅಜ್ಜಿ, ಅದು ಒಣಗಿ ವರ್ಷ ಕಳೆದ ಮೇಲೂ.