ಬಿದಿರು ತಟ್ಟಿಯ ಅಂಗಡಿ

ಮುದುಕ ಮತ್ತೆ ಕಣ್ಣು ಮುಚ್ಚಿದ.

ಮಿಹೋ ಬಾಗಿಲ ಬಳಿ ನಿಂತೇ ಅದನ್ನು ಗಮನಿಸಿದಳು. ನಕಾನೊದ ಅಂಗಡಿಯಲ್ಲೂ ಹೀಗೇ ಮಾಡಿದ್ದ, ಈಗ ಕೊಯೆಂಜಿಯಲ್ಲೂ ಅದೇ ಆಟ. ಒಲೆಗೆ ಹತ್ತಿರದ ಜಾಗ ಹಿಡಿಯುವುದು, ಬೋಗುಣಿ ಬರುವ ಮೊದಲೇ ಕಣ್ಣು ಮುಚ್ಚಿ ಕತ್ತು ಓರೆ ಮಾಡಿ ಕೂರುವುದು. ತೊಡೆಯ ಮೇಲೆ ನೇರಳೆ ಬಟ್ಟೆಯ ಗಂಟು. ರಾಮೆನ್ ಬಂದ ಮೇಲೆ ಒಂದೆರಡು ಗುಟುಕು ಸಾರು, ನಾಲ್ಕೆಳೆ ನೂಡಲ್ಸ್. ಅಷ್ಟೇ, ಉಳಿದದ್ದು ಹಾಗೇ.

ದುಡ್ಡು ಕೊಟ್ಟು ಅವಳ ಜೊತೆ ಟೋಕಿಯೊದ ರಾಮೆನ್ ಅಂಗಡಿಗಳನ್ನು ಸುತ್ತಲು ಬಂದವನು ತಿನ್ನದೇ ಇರುತ್ತಾನೆಯೇ? ಮಿಕ್ಕ ನಾಲ್ವರೂ ಚಪ್ಪರಿಸಿಕೊಂಡು ಫೋಟೋ ತೆಗೆಯುತ್ತಿದ್ದರು. ಹಟಾನೋ ಎಂದು ಹೆಸರು ಬರೆಸಿದ್ದ ಈ ಮುದುಕನ ಕೈಯಲ್ಲಿ ಫೋನೇ ಇರಲಿಲ್ಲ. ಖಾರದ ಎಣ್ಣೆಯನ್ನು ಮಾತ್ರ ಕೆಂಪಗಾಗುವಷ್ಟು ಸುರಿದುಕೊಳ್ಳುತ್ತಿದ್ದ.

"ಅಜ್ಜಾ, ರಾಮೆನ್‌ಗೆ ಎಣ್ಣೆ ಹಾಕ್ಕೋತಿದೀರೋ, ಎಣ್ಣೆಗೆ ರಾಮೆನ್ ಹಾಕ್ಕೋತಿದೀರೋ?" ಎಂದು ಒಸಾಕಾದಿಂದ ಬಂದ ಹೆಂಗಸು ಕಿಚಾಯಿಸಿದಳು.

"ಖಾರ ಇದ್ರೆ ಏನೋ ಒಂದು ಗೊತ್ತಾಗುತ್ತಮ್ಮ," ಎಂದ ಮುದುಕ.

ಮಿಹೋ ನಗಲಿಲ್ಲ. ಅವಳಿಗೆ ಒಮ್ಮೆ ಬಿಸಿ ಮುಟ್ಟಿತ್ತು. ಅವಳೂ ಗಂಡನೂ ನಡೆಸುತ್ತಿದ್ದ ಹಳೆಯ ಅಂಗಡಿಗೆ ಹೀಗೇ ಒಬ್ಬ ಸಂಭಾವಿತ ಗಿರಾಕಿ ಬರುತ್ತಿದ್ದ. ಒಳಗೆ ಬಗ್ಗಿ ನೋಡಿ, ಚೀಲದಲ್ಲಿದ್ದ ಫ್ಲಾಸ್ಕಿಗೆ ಗುಟ್ಟಾಗಿ ಸಾರು ಸುರಿದುಕೊಂಡು ಹೋಗುತ್ತಿದ್ದ. ಕೆಲವೇ ತಿಂಗಳಲ್ಲಿ ಸ್ಟೇಷನ್ನಿನ ಎದುರು ದೊಡ್ಡ ಅಂಗಡಿ ಎದ್ದಿತು. ಗಂಡ ಇಸಾಮು ರಕ್ತ ಬಸಿದು ಕುದಿಸಿದ ಸಾರು ಅಲ್ಲಿ ಅರ್ಧ ಬೆಲೆಗೆ ಸಿಗತೊಡಗಿತು. ಇವರ ಅಂಗಡಿ ಮುಚ್ಚಿಹೋಯಿತು. ಅವಳ ಅಮ್ಮನ ಉಂಗುರವನ್ನೂ ಮಾರಿ ನಿಶಿ-ಒಗಿಕುಬೊದ ಓಣಿಯಲ್ಲಿ ಮತ್ತೊಂದು ಪುಟ್ಟ ಅಂಗಡಿ ಹಾಕಿದ್ದರು. ಅಲ್ಲಿಗೆ ನಾಲ್ಕು ಜನರನ್ನು ಕರೆತರಲೆಂದೇ ಅವಳು ಈ ಸುತ್ತಾಟ ಶುರು ಮಾಡಿದ್ದು; ಇವತ್ತಿನ ಕೊನೆಯ ಅಂಗಡಿಯೂ ಅದೇ. ಈ ಸಲವೂ ಸಾರು ಕಳುವಾದರೆ ಇನ್ನೆಲ್ಲಿಗೆ ಹೋಗುವುದು?

ರೈಲಿನಲ್ಲಿ ಮುದುಕ ಪಕ್ಕದಲ್ಲೇ ನಿಂತ. ಬೇಡವೆಂದರೂ ಮಾತಿಗೆಳೆದ.

"ಕೊನೇ ಅಂಗಡೀಲಿ ಒಲೆ ಮುಂದೆ ಯಜಮಾನನೇ ನಿಲ್ತಾನಾ, ಇಲ್ಲ ಆಳು ಇಟ್ಟಿದಾನಾ?"

ಹೋದ ಮೇಲೆ ನೋಡ್ತೀರಲ್ಲ ಎಂದು ಅವಳು ಮುಖ ತಿರುಗಿಸಿದಳು. ರೈಲು ಕುಲುಕಿದಾಗ ಗಂಟು ಅವಳ ಮೊಣಕೈಗೆ ತಗುಲಿತು. ಒಳಗೆ ಏನೋ ಉದ್ದಕ್ಕೆ, ಗಟ್ಟಿಯಾಗಿತ್ತು. ಫ್ಲಾಸ್ಕೇ, ಸಂಶಯವೇ ಇಲ್ಲ.

ಇಳಿದ ಕೂಡಲೇ ಅವಳು ಇಸಾಮುವಿಗೆ ಫೋನು ಮಾಡಿ ಎಲ್ಲ ಪಿಸುಗುಟ್ಟಿದಳು. ಕೊನೆಯ ಸ್ಟೂಲಿನವನಿಗೆ ಪಾತ್ರೆಯ ಸಾರು ಬೇಡ, ಆತುರದ ದಿನ ನೀನು ತಿನ್ನಲು ಇಟ್ಟುಕೊಂಡಿರುವ ಪೊಟ್ಟಣದ ಪುಡಿ ಸಾರನ್ನೇ ಕಲಸಿ ಕೊಡು ಎಂದಳು. ಇಸಾಮು ತುಸು ಹಿಂದೆಮುಂದೆ ನೋಡಿದ. ಆಮೇಲೆ ಹೂಂ ಅಂದ.

ಅಂಗಡಿಯ ಮುಂದೆ ಒಸಾಕಾದ ಹೆಂಗಸು ನಿಂತುಬಿಟ್ಟಳು. ಅಂಗಡಿ ತೆರೆದಾಗ ಬಾಗಿಲಿಗೆ ಕಟ್ಟುವ ಹೆಸರಿನ ಪರದೆಯೇ ಇಲ್ಲವಲ್ಲ, ತೆರೆದಿದೆಯೋ ಮುಚ್ಚಿದೆಯೋ ತಿಳಿಯುವುದು ಹೇಗೆ ಎಂದಳು. ಎಲ್ಲರೂ ಕೇಳುವ ಪ್ರಶ್ನೆ ಅದು. ಮಿಹೋ ಎಂದಿನ ಉತ್ತರ ಕೊಟ್ಟಳು.

"ನಮ್ಮೆಜಮಾನ್ರು ರಾಮೆನ್ ಕಲಿಸಿದ ಗುರುಗಳ ಹತ್ರ ಜಗಳ ಆಡ್ಕೊಂಡು ಬಂದೋರು. ಅವರು ಮೆಚ್ಚಿ ಕೈಯಾರೆ ಕೊಡದೆ ಪರದೆ ಕಟ್ಟಲ್ಲ ಅಂತ ಹಟ. ಒಗೆಯೋ ಕೆಲ್ಸ ಇಲ್ಲ, ನಂಗೂ ಆರಾಮ."

ಎಲ್ಲರೂ ನಕ್ಕರು. ಮುದುಕ ಮಾತ್ರ ಬಾಗಿಲ ಅಗಲವನ್ನು ಕಣ್ಣಲ್ಲೇ ಅಳೆಯುತ್ತಿದ್ದ. ಕನ್ನ ಹಾಕುವವರು ಹೀಗೇ ನೋಡುವುದು ಎಂದುಕೊಂಡಳು ಮಿಹೋ.

ಒಳಗೆ ಒಲೆಗೂ ಗಿರಾಕಿಗಳಿಗೂ ನಡುವೆ ಬಿದಿರಿನ ತಟ್ಟಿ ಇಳಿಬಿಟ್ಟಿತ್ತು. ಕಳವಾದ ಮೇಲೆ ಇಸಾಮು ಮಾಡಿಕೊಂಡ ಏರ್ಪಾಡು. ತಟ್ಟಿಯ ಕೆಳಗಿನಿಂದ ಅವನ ಎರಡು ಕೈ ಬೋಗುಣಿ ಸರಿಸುವುದಷ್ಟೇ ಕಾಣುತ್ತಿತ್ತು. ಮುದುಕನನ್ನು ಅವಳೇ ಕೊನೆಯ ಸ್ಟೂಲಿಗೆ ಕೂರಿಸಿದಳು. ಅವನು ಕಣ್ಣು ಮುಚ್ಚಿದ.

ಆಚೆಯಿಂದ ಬೆಂದ ನೂಡಲ್ಸಿನ ನೀರನ್ನು ಜಾಲರಿಯಲ್ಲಿ ಒದರುವ ಸದ್ದು ಬಂತು. ಎರಡು ಸಲ ಬಿರುಸಾಗಿ, ತುಸು ತಡೆದು ಒಂದು ಸಲ ಮೆತ್ತಗೆ. ಮುದುಕನ ತುಟಿಯಂಚು ಅಲುಗಿತು. ಬೆನ್ನಿಗೇ ಪೊಟ್ಟಣ ಹರಿದ ಚರಕ್ ಸದ್ದು. ಮಿಹೋ ಥಟ್ಟನೆ ಜೋರಾಗಿ ಕೆಮ್ಮಿದಳು. ಪುಣ್ಯಕ್ಕೆ ಯಾರೂ ತಲೆಯೆತ್ತಲಿಲ್ಲ.

ಬೋಗುಣಿ ಬಂತು. ಮುದುಕ ಈ ಸಲ ಖಾರದ ಎಣ್ಣೆ ಮುಟ್ಟಲಿಲ್ಲ. ನೂಡಲ್ಸ್ ಒಂದೆಳೆಯೂ ಬಿಡಲಿಲ್ಲ. ಎರಡೂ ಕೈಯಲ್ಲಿ ಬೋಗುಣಿ ಎತ್ತಿ, ಸಾರನ್ನು ತಳ ಕಾಣುವ ತನಕ ಕುಡಿದು ಕೆಳಗಿಟ್ಟ.

ಮಿಹೋ ಓಡಿಹೋಗಿ ತಟ್ಟಿಯ ಹಿಂದೆ ಬಾಯಿಗೆ ಸೆರಗಿನಂತೆ ಏಪ್ರನ್ ಒತ್ತಿಕೊಂಡು ನಕ್ಕಳು. ಪುಡಿ ಸಾರನ್ನು ಅಮೃತದ ಹಾಗೆ ಕುಡಿದ, ಇವನೆಂಥ ಕಳ್ಳನೋ ಎಂದು ಗಂಡನ ಕಿವಿಯಲ್ಲಿ ಉಸುರಿದಳು.

ಉಳಿದವರು ಉಂಡು ಓಣಿಗಿಳಿದರು. ಮುದುಕ ಏಳಲಿಲ್ಲ. ಅವನ ಕೈ ಗಂಟಿನತ್ತ ಹೋಯಿತು. ಮಿಹೋ ಅಡ್ಡ ನಿಂತಳು.

"ಹಟಾನೋ ಅವರೇ, ಆ ಗಂಟಲ್ಲೇನಿದೆ?"

"ಹಟಾನೋ ನಮ್ಮಳಿಯನ ಹೆಸರು," ಎನ್ನುತ್ತ ಮುದುಕ ಗಂಟು ಬಿಚ್ಚಿದ.

ಒಂದು ಬಿದಿರು ಕೋಲು. ಅದಕ್ಕೆ ಸುತ್ತಿದ ನೀಲಿ ಪರದೆ, ಅದರ ಮೇಲೆ ಬಿಳಿ ಅಕ್ಷರದಲ್ಲಿ ಅಂಗಡಿಯ ಹೆಸರು. ತಟ್ಟಿ ಎತ್ತಿ ಇಣುಕಿದ ಇಸಾಮುವಿನ ಕೈಯಿಂದ ಜಾಲರಿ ಬಿತ್ತು. ಅವನು ಹೊರಗೆ ಬಂದು ನೆಲಕ್ಕೆ ಹಣೆ ಹಚ್ಚಿದ.

"ಗುರುಗಳೇ..."

ಮಿಹೋಗೆ ಭೂಮಿ ಬಾಯಿಬಿಟ್ಟು ನುಂಗಬಾರದೇ ಅನ್ನಿಸಿತು.

"ಏಳೋ ಇಸಾಮು. ನಾಲಿಗೆ ಸತ್ತು ಮೂರು ಚಳಿಗಾಲ ಆಯ್ತು, ರುಚಿ ನೋಡಿ ಹೇಳೋದು ನನ್ನ ಕೈಲಾಗಲ್ಲ. ನೀರು ಒದರೋದು ಕೇಳಿಸ್ಕೊಂಡೆ. ಈ ಊರಲ್ಲಿ ಇನ್ಯಾರೂ ಹಾಗೆ ಒದರಲ್ಲ, ಅದು ನಾನು ಕಲಿಸಿದ್ದು. ಪರದೆ ಕೊಡೋಕೆ ಬಂದೋನು ಬೋಗುಣಿ ಖಾಲಿ ಮಾಡ್ಬೇಕು ಅನ್ನೋದು ನಮ್ಮ ಪದ್ಧತಿ. ಅದಕ್ಕೇ ಕುಡಿದೆ."

ಇಸಾಮು ಅಳುತ್ತಿದ್ದ. ಏನೋ ಹೇಳಲು ಬಾಯಿ ತೆರೆದ. ನಾಲಿಗೆ ಸತ್ತವರಿಗೆ ಹೇಗೆ ತಿಳಿಯುತ್ತದೆ, ಸುಮ್ಮನಿರು ಎಂದು ಮಿಹೋ ಕಣ್ಸನ್ನೆ ಮಾಡಿದಳು. ಅವನು ಬಾಯಿ ಮುಚ್ಚಿಕೊಂಡು ಎರಡೂ ಕೈ ಚಾಚಿದ. ಮುದುಕ ಕೋಲಿನ ಹಿಡಿತ ಬಿಡಲಿಲ್ಲ.

"ಆಗ ಕುಡಿದ ಬೋಗುಣಿ ಲೆಕ್ಕಕ್ಕಿಲ್ಲ ಕಣೋ. ಇನ್ನೊಂದು ಬೋಗುಣಿ ಕೊಡು, ಪೊಟ್ಟಣ ಹರಿದ ಸದ್ದು ಬರದ ಹಾಗೆ."