ಮಡಚದ ಬೆರಳು

ವಕೀಲರು ಮಾರಿಹೋಗಿದ್ದಾರೆ ಎಂಬ ಅನುಮಾನ ಸೀಲಾವತಿಗೆ ಬಂದದ್ದು ಬೆಳಿಗ್ಗೆ, ಲಂಕೆಯ ಗಾಲ್ ಕೋಟೆಯ ಕೋರ್ಟಿನ ಜಗಲಿಯಲ್ಲಿ. ಅವಳ ಅಣ್ಣನ ಪರ ವಾದಿಸಬೇಕಾದ ವಿಜೇತುಂಗ, ಅಣ್ಣನಿಗೆ ಗಲ್ಲು ಕೇಳುತ್ತಿದ್ದ ಸರ್ಕಾರಿ ವಕೀಲನ ಜೊತೆ ಬೆಲ್ಲ ಕಚ್ಚಿಕೊಂಡು ಚಹಾ ಕುಡಿಯುತ್ತಿದ್ದರು. ನಗುತ್ತಲೂ ಇದ್ದರು.

ಈಗ ನೋಡಿದರೆ, ಜಡ್ಜ್ ಜ್ಯೂರಿಗೆ ತಿಳಿಹೇಳುತ್ತಿರುವಾಗ ಈ ಮನುಷ್ಯ ಕಣ್ಣು ಮುಚ್ಚಿ ಕೂತಿದ್ದಾರೆ!

ಅಣ್ಣ ಅರ್ನೋಲಿಸ್ ಕಟಕಟೆಯ ಕಂಬಿ ಹಿಡಿದು ನಿಂತಿದ್ದ. ದಾಲ್ಚಿನ್ನಿ ಸುಲಿದು ಸುಲಿದು ಕಂದುಬಣ್ಣಕ್ಕೆ ತಿರುಗಿದ್ದ ಅವನ ಬೆರಳುಗಳು ಜೈಲಿನಲ್ಲಿ ಬೆಳ್ಳಗಾಗಿದ್ದವು. ಪಕ್ಕದ ತೋಟದ ಬಾಬುನ್‌ಗೆ ಕತ್ತಲಲ್ಲಿ ಯಾರೋ ಚೂರಿ ಹಾಕಿದ್ದರು. ಪ್ರಾಣ ಬಿಡುವ ಮುಂಚೆ ಅವನ ಬಾಯಿಂದ ಬಂದ ಹೆಸರು ಅರ್ನೋಲಿಸ್. ಅಷ್ಟೇ ಸಾಕ್ಷಿ, ಬೇರೇನೂ ಇಲ್ಲ. ಆ ರಾತ್ರಿ ಅಣ್ಣ ಜ್ವರ ಬಂದು ಮನೆಯಲ್ಲಿ ಮಲಗಿದ್ದ. ಗಂಜಿ ಕುಡಿಸಿದವಳು ಸೀಲಾವತಿಯೇ. ಅದನ್ನು ಅವಳು ಕೋರ್ಟಿನಲ್ಲಿ ಹೇಳಿದಾಗ ಜ್ಯೂರಿಯ ಏಳು ಮಂದಿಯಲ್ಲಿ ಒಬ್ಬ ಆಕಳಿಸಿದ. ತಂಗಿಯಾದವಳು ಇನ್ನೇನು ಹೇಳಿಯಾಳು ಎಂಬ ಮುಖ ಉಳಿದವರದು.

"ಇವರ ಮನಸ್ಸು ಆಗ್ಲೇ ಕಲ್ಲಾಗಿದೆ, ನಂಗಿ" ಎಂದು ವಿಜೇತುಂಗ ಅವಳನ್ನು ತಂಗಿಯೆಂದೇ ಕರೆದು ಅಂದೇ ನಿಟ್ಟುಸಿರು ಬಿಟ್ಟಿದ್ದರು. ಕೈಚೆಲ್ಲಿದ ವಕೀಲ ಬೇರೆ ಯಾತಕ್ಕೆ ಎಂದು ಅವಳಿಗೆ ಅಂದೇ ಸಿಟ್ಟು ಬಂದಿತ್ತು.

ಜಡ್ಜ್‌ಗೆ ವಯಸ್ಸಾಗಿತ್ತು. ಊರೂರು ಸುತ್ತಿ, ಕೊಲೆಗಳ ಕಥೆ ಕೇಳಿ ಕೇಳಿ ದಣಿದಿದ್ದರು. ಹೋದ ವರ್ಷ ಕೊಲಂಬೊದ ಅಪೀಲು ಕೋರ್ಟಿನವರು ಅವರ ಎರಡು ತೀರ್ಪುಗಳನ್ನು ಹೊಡೆದುಹಾಕಿದ್ದರು. ಆಮೇಲಿನಿಂದ ಜ್ಯೂರಿಗೆ ತಿಳಿಹೇಳುವಾಗ ಒಂದೊಂದು ಮಾತಿಗೆ ಒಂದೊಂದು ಬೆರಳು ಮಡಚುವುದು ಅವರ ರೂಢಿ.

ನಿನ್ನೆ ಇದೇ ಕೋರ್ಟಿನಲ್ಲಿ ಇಂಥದ್ದೇ ಇನ್ನೊಂದು ಮೊಕದ್ದಮೆ, ಬೇರೆ ಜ್ಯೂರಿ. ಸೀಲಾವತಿ ಹಿಂದಿನ ಬೆಂಚಿನಲ್ಲಿ ಕೂತು ಕೇಳಿದ್ದಳು. ಜಡ್ಜ್ ಐದೂ ಬೆರಳು ಮಡಚಿದ್ದರು. ಐದನೆಯ ಮಾತು ಅವಳಿಗೆ ಬಾಯಿಪಾಠವಾಗಿತ್ತು: "ಸತ್ತವನನ್ನು ಯಾರೂ ಪಾಟೀಸವಾಲು ಮಾಡಿಲ್ಲ. ಅವನ ಮಾತೊಂದನ್ನೇ ನಂಬಿ ಇನ್ನೊಬ್ಬನನ್ನು ಗಲ್ಲಿಗೆ ಕಳಿಸುವ ಮುಂಚೆ ತುಂಬ ಎಚ್ಚರವಾಗಿರಿ." ನಿನ್ನೆಯ ಹುಡುಗ ಬಿಡುಗಡೆಯಾಗಿ ಅಮ್ಮನ ಕೈ ಹಿಡಿದು ಮನೆಗೆ ಹೋದ. ರಾತ್ರಿಯೆಲ್ಲ ಸೀಲಾವತಿ ಆ ಮಾತನ್ನೇ ಜಪಿಸಿದ್ದಳು.

ಇವತ್ತು ಜಡ್ಜ್ ನಾಲ್ಕು ಬೆರಳು ಮಡಚಿದರು. ಕೆಮ್ಮು ಬಂತು. ನೀರು ಕುಡಿದರು. "ಇಷ್ಟೇ" ಎಂದರು. ಕಿರುಬೆರಳು ನೆಟ್ಟಗೆ ನಿಂತೇ ಇತ್ತು.

ವಿಜೇತುಂಗರ ಕಣ್ಣು ತಟ್ಟನೆ ತೆರೆಯಿತು. ಸದ್ಯ, ಎಚ್ಚರವಾಯಿತಲ್ಲ ಮಹಾರಾಯನಿಗೆ ಎಂದುಕೊಂಡಳು. ಅವರು ಏಳಲಿಲ್ಲ. ಸರ್ಕಾರಿ ವಕೀಲನೇ ಏನೋ ನೆನಪಾದವನಂತೆ ಅರ್ಧ ಎದ್ದ. ಅಷ್ಟರಲ್ಲಿ ವಿಜೇತುಂಗರ ಮೊಣಕೈ ತಾಗಿ ನೀರಿನ ಲೋಟ ಅವನ ಕಾಗದಗಳ ಮೇಲೆ ಉರುಳಿತು. ಅವನು ಗೊಣಗುತ್ತ ಕಾಗದ ಒರೆಸಲು ಕೂತ.

"ಇನ್ನೇನಾದರೂ ಹೇಳಬೇಕಿತ್ತೆ?" ಜಡ್ಜ್ ವಕೀಲರ ಕಡೆ ನೋಡಿದರು.

ವಿಜೇತುಂಗ ಏನೂ ಇಲ್ಲವೆಂಬಂತೆ ತಲೆಬಾಗಿಸಿದರು.

ಹಿಂದಿನ ಬೆಂಚಿನಿಂದ ಸೀಲಾವತಿ ಅವರ ಕರಿ ಗೌನು ಜಗ್ಗಿದಳು. "ಮಹತ್ತಯ, ಅಯ್ಯಾ, ಅದನ್ನ ಹೇಳ್ಲೇ ಇಲ್ವಲ್ಲ! ಸತ್ತವನ ಮಾತು... ಕೇಳಿ ಅವರನ್ನ!"

"ಬಾಯಿ ಮುಚ್ಕೊಂಡು ಕೂತ್ಕೋ."

"ನಿನ್ನೆ ಹೇಳಿದ್ರು ಮಹತ್ತಯ, ನಾನೇ ಕೇಳ್ದೆ!"

"ನಿಂಗೆ ಕೈ ಮುಗೀತೀನಿ ನಂಗಿ, ಸುಮ್ನಿರು." ಅವರ ಹಣೆಯ ಮೇಲೆ ಬೆವರು ಮೂಡಿತ್ತು.

ಸೀಲಾವತಿಗೆ ಇನ್ನೇನೂ ಅನುಮಾನ ಉಳಿಯಲಿಲ್ಲ. ಥೂ, ಎಂಥ ಬಾಳು! ಜ್ಯೂರಿಯವರು ಏಳುತ್ತಿದ್ದರು. ಅವಳೂ ಎದ್ದಳು. ಹುಟ್ಟಿದಾಗಿನಿಂದ ದೊಡ್ಡವರೆದುರು ದನಿ ಎತ್ತದವಳು ಕೋರ್ಟು ನಡುಗುವಂತೆ ಕೂಗಿದಳು.

"ಸ್ವಾಮೀ! ನಿನ್ನೆ ಹೇಳಿದ ಮಾತು ಇವತ್ತು ಹೇಳಿಲ್ಲ! ಸತ್ತವನನ್ನ ಯಾರೂ ಪಾಟೀಸವಾಲು ಮಾಡಿಲ್ಲ ಅಂತ... ನಿಮ್ಮ ಕಿರುಬೆರಳು ಹಾಗೇ ಇದೆ, ನೋಡ್ಕೊಳ್ಳಿ!"

ಜವಾನ ಓಡಿಬಂದು ಅವಳ ರಟ್ಟೆ ಹಿಡಿದ. ಜಡ್ಜ್ ತಮ್ಮ ಬೆರಳನ್ನೇ ನೋಡಿಕೊಂಡರು. ಆಮೇಲೆ ಕೈ ಎತ್ತಿ ಜವಾನನನ್ನು ತಡೆದರು.

"ಬಿಡು ಅವಳನ್ನ. ಒಳ್ಳೇ ಹೊತ್ತಿಗೆ ನೆನಪಿಸಿದೆ, ತಾಯಿ. ನನ್ನ ಮಾನ ಉಳೀತು."

ಜ್ಯೂರಿಯನ್ನು ಮತ್ತೆ ಕೂರಿಸಿದರು. ಐದನೆಯ ಮಾತನ್ನು ಬಿಡಿಸಿ ಬಿಡಿಸಿ, ನಿನ್ನೆಗಿಂತ ಚೆನ್ನಾಗಿ ಹೇಳಿದರು. ಕಿರುಬೆರಳು ಮಡಚಿದರು. ಸೀಲಾವತಿಯ ಎದೆ ತುಂಬಿ ಬಂತು. ವಿಜೇತುಂಗ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಿದ್ದರು. ಸಿಕ್ಕಿಬಿದ್ದ ಕಳ್ಳ, ಅನುಭವಿಸಲಿ ಎಂದುಕೊಂಡಳು.

ಜ್ಯೂರಿಯವರು ಊಟದ ಹೊತ್ತಿಗೇ ಹೊರಬಂದರು. ಐವರು ಅಪರಾಧಿ ಎಂದರು, ಇಬ್ಬರು ಅಲ್ಲ ಎಂದರು. ಐವರಾದರೆ ಸಾಕು. ಜಡ್ಜ್ ಗಲ್ಲಿನ ಶಿಕ್ಷೆ ಓದುವಾಗ ಅರ್ನೋಲಿಸ್ ತಂಗಿಯನ್ನು ನೋಡಿ, ಅಳಬೇಡ ಎಂಬಂತೆ ತಲೆ ಆಡಿಸಿದ.

ಮೆಟ್ಟಿಲ ಬಳಿ ಸೀಲಾವತಿ ವಕೀಲರಿಗೆ ಅಡ್ಡ ನಿಂತಳು.

"ಎಷ್ಟಕ್ಕೆ ಮಾರ್ಕೊಂಡ್ರಿ ನಮ್ಮಣ್ಣನ್ನ? ನೀವು ಬಾಯಿ ಬಿಡ್ಲಿಲ್ಲ, ನಾನಾದ್ರೂ ಬಿಟ್ಟೆ. ನನ್ನ ಕೈಲಾದ್ದು ಮಾಡಿದೀನಿ. ಆ ಒಂದು ಸಮಾಧಾನ ಇದೆ ನಂಗೆ."

ವಿಜೇತುಂಗ ಏನೋ ಹೇಳಲು ಹೋದರು. ಅವಳ ಮುಖ ನೋಡಿ ನುಂಗಿಕೊಂಡರು.

"ಹೌದು ನಂಗಿ. ನಿನ್ನ ಕೈಲಾದ್ದು ಮಾಡಿದೀಯ. ಮನೆಗೆ ಹೋಗು, ಒಂದಿಷ್ಟು ಏನಾದ್ರೂ ತಿನ್ನು."

"ಅಪೀಲಾದ್ರೂ ಹಾಕ್ತೀರೋ ಇಲ್ವೋ?"

"ಹಾಕ್ತೀನಿ."

ಅವಳು ಸೆರಗಿನಿಂದ ಮೂಗೊರೆಸಿಕೊಂಡು ಬಸ್ಸಿನ ಕಡೆ ನಡೆದಳು. ಅವಳು ತಿರುವು ದಾಟುವವರೆಗೂ ವಿಜೇತುಂಗ ನೋಡುತ್ತ ನಿಂತಿದ್ದರು. ಫೈಲು ಹಿಡಿದಿದ್ದ ಗುಮಾಸ್ತ ಉಪಾಲಿಸ್ ಮೆಲ್ಲಗೆ ಕೇಳಿದ, "ಅಪೀಲಿಗೆ ಕಾರಣ ಏನಂತ ಬರೀಲಿ, ಮಹತ್ತಯ?"

"ಬರೆಯೋಕೆ ಏನಿದೆಯೋ? ಜಡ್ಜ್ ಐದನೇ ಮಾತು ಮರೆತಿದ್ರು, ಅದೊಂದಕ್ಕೇ ಕೊಲಂಬೊದವರು ಗಲ್ಲು ರದ್ದು ಮಾಡ್ತಿದ್ರು; ಅದನ್ನ ತಂಗಿಯೇ ನೆನಪಿಸಿಬಿಟ್ಟಳು."